ಬಾಗಿಲು ತಟ್ಟಿಸಿದ ಬಫಾತ್ ಪುಡಿ

ಬಾಗಿಲು ತೆರೆದರೆ ಎದುರು ಫ್ಲ್ಯಾಟಿನ ಶುದ್ಧ ಸಸ್ಯಾಹಾರಿ ಅಂಕಲ್! ದೇಶದ ರಾಜಧಾನಿಯ ವಸಂತ್ ಕುಂಜ್‌ನ ನಮ್ಮ ಅಡುಗೆಮನೆಯಲ್ಲಿ, ಸ್ಯಾಂಡ್‌ವಿಚ್‌ಗೆಂದು ಬೆಳಿಗ್ಗೆಯಿಂದ ಸ್ಲೋ ಕುಕ್ಕರ್‌ನಲ್ಲಿ ಎಮ್ಮೆ ಮಾಂಸ ಬೇಯುತ್ತಿತ್ತು. ಅಮ್ಮ ಊರಿನಿಂದ ಕಳಿಸಿದ ಮಸಾಲೆಯ ಘಮ ಲಿಫ್ಟ್‌ವರೆಗೂ ಹಬ್ಬಿತ್ತು. ಜಗಳಕ್ಕೇ ಬಂದಿರಬೇಕೆಂದು, "ಸಾರಿ ಅಂಕಲ್, ಖಿಡ್ಕಿ ಬಂದ್ ಕರ್ತೀ ಹೂಂ" ಎಂದು, ಕಿಟಕಿ ಮುಚ್ಚುತ್ತೇನೆಂದು ಹಿಂದಿಯಲ್ಲಿ ತೊದಲಿದೆ.

ದಿನವೂ ಹಿಂದಿಯಲ್ಲೇ ನಮಸ್ತೆ ಹೇಳುತ್ತಿದ್ದವರು ಅಚ್ಚ ಕನ್ನಡದಲ್ಲಿ ಕೇಳಿದರು: "ಇದು ಬಫಾತ್ ಪುಡಿಯ ಪರಿಮಳ ಅಲ್ವಾ? ಮಂಗಳೂರಲ್ಲಿ ಪ್ರತಿ ಆದಿತ್ಯವಾರ ಪಕ್ಕದ ಮನೆಯಿಂದ ಬರ್ತಿತ್ತು. ಮಾಂಸ ಬೇಡಮ್ಮ, ಸ್ವಲ್ಪ ಪುಡಿ ಕೊಡ್ತೀಯಾ? ಬಟಾಟೆಗೆ ಹಾಕಿ ನೋಡ್ತೇನೆ."

ಡಬ್ಬಿಯನ್ನೇ ಕೊಟ್ಟೆ. ಮರುದಿನ ಸಂಜೆ ಆಫೀಸಿನಿಂದ ಬಂದ ಗಂಡ ಬಾಗಿಲಲ್ಲೇ ಮೂಗರಳಿಸಿ, "ಇವತ್ತೂ ಸ್ಯಾಂಡ್‌ವಿಚ್ಚಾ?" ಎಂದ. ನಾನಿನ್ನೂ ಒಲೆಯನ್ನೇ ಹಚ್ಚಿರಲಿಲ್ಲ. ನಗುತ್ತಾ ಎದುರು ಬಾಗಿಲಿನತ್ತ ಕೈ ತೋರಿಸಿದೆ.