ಚೌಕಕ್ಕೆ ಹೊಂದದ ಮಾತು

ಮೊಣಕಾಲಿಗೆ ಹಚ್ಚಿಕೊಳ್ಳಲು ಪುತ್ತೂರಿನ ವೈದ್ಯರು ಕೊಟ್ಟ ಕುಳಂಬಿನ ಬಾಟಲಿಯನ್ನು ಮೊನ್ನೆ ತೆರೆದೆ. ಎಳ್ಳೆಣ್ಣೆಯಲ್ಲಿ ಬೇರುಗಳು ಕುದಿದು ಸೀದ ಹಾಗಿರುವ ಆ ವಾಸನೆ ಮೂಗಿಗೆ ಬಡಿದದ್ದೇ ತಡ, ನೆರೆಮನೆಯ ಮುಂದಿನ ಕೋಣೆ ಕಣ್ಣೆದುರು ಬಂತು. ಕಿಟಕಿಯ ಬದಿಯ ಮಂಚ, ದಿಂಬಿಗೆ ಒರಗಿ ಕೂತ ಸಾಹುಕಾರ್ರು, ಕುಳಂಬು ಹಚ್ಚಿ ಹೊಳೆಯುತ್ತಿದ್ದ ಅವರ ಬಲಗೈ… ಬಾಟಲಿ ಮುಚ್ಚಿ ಬದಿಗಿಟ್ಟೆ. ಆ ದಿನ ಕಾಲಿಗೆ ಏನೂ ಹಚ್ಚಲಿಲ್ಲ.

ಸಾಹುಕಾರ್ರು ಎಂದರೆ ದೊಡ್ಡ ಶ್ರೀಮಂತರೇನಲ್ಲ. ದುಬೈಯಲ್ಲಿ ಹಲವು ವರ್ಷ ದುಡಿದು ಬಂದು, ಸುಳ್ಯದ ಬಸ್ ಸ್ಟ್ಯಾಂಡಿನ ಹತ್ತಿರ ಫ್ಯಾನ್ಸಿ ಅಂಗಡಿ ಇಟ್ಟಿದ್ದ ಬ್ಯಾರಿಗಳು. ಅಂಗಡಿ ಇಟ್ಟವರನ್ನೆಲ್ಲ ನಮ್ಮಲ್ಲಿ ಹಾಗೆ ಕರೆಯುವುದು ರೂಢಿ. ನಾನು ಪ್ರೈವೇಟ್ ಬಸ್ಸಿನ ಕಂಡಕ್ಟರ್, ಹತ್ತನೇ ಕ್ಲಾಸಿನವರೆಗೆ ಓದಿದವನು. ನಮ್ಮ ಗುತ್ತಿಗಾರಿನ ಬಸ್ಸು ನಿಲ್ಲುತ್ತಿದ್ದದ್ದು ಸರಿಯಾಗಿ ಅವರ ಅಂಗಡಿಯ ಎದುರು. ಅವರು ಗಲ್ಲಾಪೆಟ್ಟಿಗೆಯ ಹಿಂದಿನಿಂದಲೇ ಕೂಗುತ್ತಿದ್ದರು: "ಕಂಡಕ್ಟ್ರೆ, ನಿಮ್ಮ ಹೊಗೆಯಲ್ಲಿ ನನ್ನ ಬಿಳಿ ರಿಬ್ಬನ್ ಎಲ್ಲ ಕಪ್ಪಾಯ್ತು ಮಾರಾಯ್ರೆ. ಇನ್ನು ಮಕ್ಕಳ ಜಡೆಗೆ ಕಟ್ಲಿಕ್ಕೆ ನಿಮ್ಮನ್ನೇ ಕಳಿಸುದು."

ಮಾತೇ ಅವರ ಬಂಡವಾಳವಾಗಿತ್ತು. ಗುತ್ತಿಗಾರಿನ ಹೆಂಗಸರು ಬಂದರೆ ಅರೆಭಾಷೆ, ಗಡಿ ಕಡೆಯವರು ಬಂದರೆ ಮಲಯಾಳ, ಡಾಮರು ಹಾಕುವ ಉತ್ತರದ ಹುಡುಗರು ಬಂದರೆ ಹಿಂದಿ, ಉಳಿದವರಿಗೆ ತುಳು ಇಲ್ಲವೇ ಕನ್ನಡ. ಮನೆಯಲ್ಲಿ ಬ್ಯಾರಿ ಭಾಷೆ. ಯಾವ ಮಾತು ಯಾರಿಗೆ ಎಂದು ಅವರು ಯೋಚಿಸಿದ್ದನ್ನು ನಾನು ಕಂಡದ್ದಿಲ್ಲ. ಅಂಥವರಿಗೆ ಒಂದು ಬೆಳಿಗ್ಗೆ ಸ್ಟ್ರೋಕ್ ಆಯಿತು. ಬಲಗೈ ಬಿದ್ದುಹೋಯಿತು, ಜೊತೆಗೆ ಮಾತೂ ಹೋಯಿತು.

ಎಲ್ಲ ಮಾತೂ ಹೋಗಿರಲಿಲ್ಲ ಎನ್ನುವುದೇ ವಿಚಿತ್ರ. ಸಣ್ಣಂದಿನಿಂದ ಬಾಯಿಪಾಠವಾಗಿದ್ದ ಪ್ರಾರ್ಥನೆಯ ಸಾಲುಗಳು ಸಲೀಸಾಗಿ ಬರುತ್ತಿದ್ದವು. ಆದರೆ ಗಂಜಿಗೆ ಉಪ್ಪು ಬೇಕು ಎನ್ನಲು ಬರುತ್ತಿರಲಿಲ್ಲ. ಬಾಯಿ ತೆರೆದು, ಕಣ್ಣು ಕಿರಿದು ಮಾಡಿ, ಒಳಗೆಲ್ಲೋ ತಡಕಾಡಿ, ಕೊನೆಗೆ ಕೈ ಆಡಿಸಿ ಬಿಟ್ಟುಬಿಡುತ್ತಿದ್ದರು.

ಅವರಿಗೆ ಬೇಕಾಗಿದ್ದದ್ದು ಒಂದೇ. ಕಿರಿಮಗಳಿಗೆ ಈಶ್ವರಮಂಗಲದ ಹುಡುಗನನ್ನು ಗೊತ್ತು ಮಾಡಿ ಆಗಿತ್ತು. ಕಾಯಿಲೆಯಿಂದಾಗಿ ಮದುವೆಯನ್ನು ರಂಜಾನ್ ಕಳೆದ ಮೇಲೆ ಎಂದು ಮುಂದೆ ಹಾಕಿದ್ದರು. ನಿಕಾಹ್ ಹೊತ್ತಿಗೆ ಹುಡುಗಿಯ ತಂದೆ ಮದುಮಗನ ಕೈ ಹಿಡಿದು, ಮಗಳ ಹೆಸರು ಹೇಳಿ, ಇವಳನ್ನು ನಿನಗೆ ಮದುವೆ ಮಾಡಿಕೊಟ್ಟಿದ್ದೇನೆ ಎನ್ನಬೇಕು. ಹಿರಿಯ ಹೆಣ್ಣುಮಕ್ಕಳಿಬ್ಬರಿಗೂ ಅವರೇ ಹೇಳಿದ್ದರು. ಈ ಸಲ ಅವರ ತಮ್ಮ ಹೇಳಲಿ ಎಂದು ಯಾರೋ ಅಂದಾಗ ಸಾಹುಕಾರ್ರು ಎಡಗೈಯಿಂದ ಬಲಗೈಯನ್ನು ಎತ್ತಿ ಹಿಡಿದು ಎದೆಗೆ ಬಡಿದುಕೊಂಡರು. ನಾನೇ ಎಂದು ಅದರ ಅರ್ಥ. ಮತ್ತೆ ಯಾರೂ ಆ ಮಾತು ಎತ್ತಲಿಲ್ಲ.

ವಾರಕ್ಕೊಮ್ಮೆ ಅವರನ್ನು ಪುತ್ತೂರಿಗೆ ಕರೆದುಕೊಂಡು ಹೋಗುತ್ತಿದ್ದರು. ಅಲ್ಲಿ ಮಾತು ಕಲಿಸುವ ಒಬ್ಬರು ಮೇಡಂ ಇದ್ದರು. ಒಮ್ಮೆ ನಾನೂ ಜೊತೆಗೆ ಹೋಗಿದ್ದೆ. ಮನೆಯಲ್ಲೂ ಅಭ್ಯಾಸ ಆಗಲಿ ಎಂದು ಕಿರಿಮಗಳು ಟ್ಯಾಬಿನಲ್ಲಿ ಒಂದು ಆಟ ಹಾಕಿಕೊಟ್ಟಿದ್ದಳು. ಪರದೆಯ ಮೇಲೆ ನಾಲ್ಕು ಚಿತ್ರ, ನಾಲ್ಕಕ್ಕೂ ಸಲ್ಲುವ ಒಂದೇ ಶಬ್ದ ಹುಡುಕಬೇಕು. ಕೆಳಗೆ ಖಾಲಿ ಚೌಕಗಳು, ಅದರ ಕೆಳಗೆ ಕಲಸಿ ಹಾಕಿದ ಇಂಗ್ಲಿಷ್ ಅಕ್ಷರಗಳು. ಸರಿಯಾದರೆ ನಾಣ್ಯ ಬಿದ್ದ ಸದ್ದಾಗಿ ಮುಂದಿನ ಲೆವೆಲ್ ಬರುತ್ತದೆ. ದುಬೈಯಲ್ಲಿ ಇಂಗ್ಲಿಷ್ ಬಳಸಿದವರು, ಆದೀತು ಎಂದು ಮಗಳ ಲೆಕ್ಕ.

ಮೇಡಂ ಆಟ ನೋಡಿ ಒಳ್ಳೆಯದೇ ಎಂದರು. ಆದರೆ ನನ್ನ ಕಡೆ ತಿರುಗಿ ಒಂದು ಮಾತು ಹೇಳಿದರು: "ನೀವು ಹೇಳಿಕೊಡ್ಬೇಡಿ. ಅವರು ಹುಡುಕುದೇ ಮದ್ದು. ಚೌಕ ತುಂಬದಿದ್ರೆ ಬೇಡ, ಯಾವ ಭಾಷೆಯಲ್ಲಿ ಬಂದ್ರೂ ಬರ್ಲಿ."

ಆ ಮಾತು ನನಗೆ ಇವತ್ತಿಗೂ ಕೇಳುತ್ತದೆ. ಆಗಲೂ ಚೆನ್ನಾಗಿಯೇ ಕೇಳಿತ್ತು.

ನಾನು ಕೆಲಸ ಬಿಟ್ಟು ಮನೆಯಲ್ಲಿದ್ದೆ. ಸಾಹುಕಾರ್ರ ಹೆಂಡತಿ ಬೇಲಿಯ ಹತ್ತಿರ ಬಂದು, ಮಧ್ಯಾಹ್ನ ಒಂದಿಷ್ಟು ಹೊತ್ತು ಅವರ ಜೊತೆ ಕೂರುತ್ತೀರಾ ಎಂದು ಕೇಳಿದರು. ಗೆಳೆಯರಲ್ಲವೇ, ಒಪ್ಪಿದೆ. ಮೊದಲ ಕೆಲವು ದಿನ ಚೆನ್ನಾಗಿತ್ತು. ಆಮೇಲೆ ಸಿಟ್ಟು ಬರತೊಡಗಿತು. ಒಂದು ಲೆವೆಲ್ಲಿಗೆ ಅರ್ಧ ಮಧ್ಯಾಹ್ನ. ಅವರ ಎಡಗೈ ಬೆರಳು ಒಂದು ಅಕ್ಷರದ ಮೇಲೆ ಹೋಗಿ ನಿಲ್ಲುತ್ತಿತ್ತು, ಒತ್ತದೆ ಹಿಂದೆ ಬರುತ್ತಿತ್ತು, ಮತ್ತೆ ಹೋಗುತ್ತಿತ್ತು. ನನಗೋ ಜೀವಮಾನವಿಡೀ ಜನರನ್ನು ಬೇಗ ಹತ್ತಿ, ಬೇಗ ಇಳಿಯಿರಿ ಎಂದು ತಳ್ಳಿ ಅಭ್ಯಾಸ. ಮುದುಕರು ಮೆಟ್ಟಿಲಲ್ಲಿ ತಡ ಮಾಡಿದರೆ ಬಾಗಿಲು ಬಡಿದು ಸೀಟಿ ಊದುತ್ತಿದ್ದವನು. ಇಲ್ಲಿ ಊದುವುದಕ್ಕೆ ಸೀಟಿ ಇರಲಿಲ್ಲ, ಅಷ್ಟೆ.

ಅದಕ್ಕಿಂತ ಕೆಟ್ಟದ್ದೆಂದರೆ ಉತ್ತರ ನನಗೂ ಗೊತ್ತಾಗುತ್ತಿರಲಿಲ್ಲ. ಒಂದು ಚಿತ್ರದಲ್ಲಿ ಮೋಡ, ಇನ್ನೊಂದರಲ್ಲಿ ಮದುಮಗಳು, ಮೂರನೆಯದರಲ್ಲಿ ಎಂತದೋ ಪಾತ್ರೆ. ಯಾರು ಮಾಡಿದ್ದಪ್ಪ ಇದನ್ನು ಎಂದು ಟ್ಯಾಬನ್ನು ಕಿಟಕಿಯಿಂದ ಹೊರಗೆಸೆಯುವ ಹಾಗಾಗುತ್ತಿತ್ತು. ಮಾತು ಬಾರದವರ ಎದುರು ಕೂತು, ಮಾತು ಬರುವ ನಾನೂ ಬಾಯಿ ಮುಚ್ಚಿಕೊಂಡಿರಬೇಕಾಗಿ ಬಂದದ್ದು ನನಗೆ ಅವಮಾನವಾಯಿತು. ನಿಜ ಹೇಳಬೇಕೆಂದರೆ ಎಲ್ಲ ಶುರುವಾದದ್ದು ಅಲ್ಲಿಂದ.

ಒಂದು ದಿನ ನನ್ನ ಮೊಬೈಲಿನಲ್ಲಿ ಆ ಆಟದ ಹೆಸರು ಹೇಳಿ ಹುಡುಕಿದೆ. ಉತ್ತರ ಕೊಡುವುದಕ್ಕೆಂದೇ ಒಂದು ಸಾಧನ ಉಂಟೆಂದು ಗೊತ್ತಾಯಿತು. ಎಷ್ಟು ಚೌಕ ಎಂದು ಹೇಳಿ, ಕೆಳಗಿನ ಅಕ್ಷರಗಳನ್ನು ಒತ್ತಿದರೆ ಸಾಕು, ಹೊಂದುವ ಶಬ್ದಗಳನ್ನು ಸಾಲಾಗಿ ಎದುರಿಗಿಡುತ್ತದೆ. ನಡುನಡುವೆ ಕೂದಲೆಣ್ಣೆಯ, ಸಾಲದ ಜಾಹೀರಾತು ಬಂದು ಮುಖಕ್ಕೆ ಅಡ್ಡ ನಿಲ್ಲುತ್ತಿತ್ತು. ಮುಚ್ಚಲು ಹೋದರೆ ಇನ್ನೊಂದು ತೆರೆಯುತ್ತಿತ್ತು. ಒಂದು ಅಕ್ಷರ ತಪ್ಪಿದರೆ ಇಡೀ ಪಟ್ಟಿಯೇ ತಪ್ಪು. ಬೈಯುತ್ತಾ ಬೈಯುತ್ತಾ ಕಲಿತೆ. ಹೆಗಲ ಮೇಲಿನ ಬೈರಾಸು ಬಟ್ಟೆಯನ್ನು ತೊಡೆಯ ಮೇಲೆ ಹಾಸಿ, ಮೊಬೈಲನ್ನು ಅದರ ಮರೆಯಲ್ಲಿಟ್ಟುಕೊಂಡು, ಸಿಕ್ಕಿದ ಶಬ್ದವನ್ನು ಟ್ಯಾಬಿನಲ್ಲಿ ನಾನೇ ಒತ್ತತೊಡಗಿದೆ. ನಾಣ್ಯದ ಸದ್ದು ಮೇಲಿಂದ ಮೇಲೆ ಬರತೊಡಗಿತು.

ಸಾಹುಕಾರ್ರು ಮೊದಲು ಆಶ್ಚರ್ಯದಿಂದ ನೋಡಿದರು. ಮತ್ತೆ ಬೈರಾಸಿನ ಕಡೆ ನೋಡಿದರು. ಒಮ್ಮೆ ಎಡಗೈಯನ್ನು ನನ್ನ ಮೊಬೈಲಿನ ಮೇಲೆ ಅಡ್ಡ ಇಟ್ಟರು. ನಾನು ಅದನ್ನು ಹಠ ಎಂದುಕೊಂಡೆ. "ಹೀಗೆ ಹಠ ಮಾಡಿದ್ರೆ ಗುಣ ಆಗುದು ಹೇಗೆ ಸಾಹುಕಾರ್ರೆ?" ಎಂದು ಗದರಿ, ಕೈ ಸರಿಸಿದೆ.

ಅವರ ಹೆಂಡತಿ ಚಹಾ ತಂದಾಗ ಪರದೆಯ ಮೇಲಿನ ಸಂಖ್ಯೆ ನೋಡುತ್ತಿದ್ದರು. ಇಂಗ್ಲಿಷ್ ಓದಲು ಬಾರದಿದ್ದರೂ ಅಂಕೆ ಓದುತ್ತಿದ್ದರು. ಅದು ಏರುತ್ತಾ ಹೋಯಿತು. ಒಂದು ದಿನ ಕೇಳಿದರು:

"ಅಣ್ಣ, ಇದೆಲ್ಲ ಅವರೇ ಬೆರಳಲ್ಲಿ ತೋರಿಸುದಾ?"

"ಅವರೇ," ಎಂದೆ ನಾನು. "ನಾನು ಒತ್ತುದು ಮಾತ್ರ."

ಅವರ ಮುಖ ಅರಳಿದ್ದು ನೋಡಿ ನನಗೆ ಖುಷಿಯೇ ಆಯಿತು. ದುಬೈಯಲ್ಲಿರುವ ದೊಡ್ಡ ಮಗಳಿಗೆ ಫೋನಿನಲ್ಲಿ ಹೇಳಿದರು, ನೆಂಟರಿಗೆ ಹೇಳಿದರು, ಮಸೀದಿಯ ಉಸ್ತಾದರಿಗೂ ಹೇಳಿ ಕಳಿಸಿದರು. ಪುತ್ತೂರಿನ ದಾರಿಯ ತಿರುವುಗಳಲ್ಲಿ ಸಾಹುಕಾರ್ರಿಗೆ ವಾಂತಿ ಆಗುತ್ತಿತ್ತು, ಬಂದ ಮೇಲೆ ಎರಡು ದಿನ ಏಳುತ್ತಿರಲಿಲ್ಲ. ಮನೆಯಲ್ಲೇ ಇಷ್ಟು ಗುಣ ಕಾಣುವಾಗ ಅಷ್ಟು ಕಷ್ಟ ಯಾಕೆ ಎಂದು ಮೇಡಂ ಹತ್ತಿರ ಹೋಗುವುದನ್ನು ನಿಲ್ಲಿಸಿದರು. ನಿಲ್ಲಿಸುವ ಮೊದಲು ನನ್ನನ್ನೂ ಕೇಳಿದರು. ನಿಲ್ಲಿಸಬೇಡಿ, ಹೋಗಿ ಎನ್ನಲು ಆಗ ಒಂದು ಅವಕಾಶ ಇತ್ತು. ಹಾಗೆ ಹೇಳಿದರೆ ಲೆವೆಲ್ಲಿನ ಲೆಕ್ಕ ಹೇಳಬೇಕಾಗುತ್ತದೆ. ನಿಮಗೆ ಸರಿ ಕಂಡ ಹಾಗೆ ಮಾಡಿ ಎಂದು ತಪ್ಪಿಸಿಕೊಂಡೆ.

ಅದಾಗಿ ಕೆಲವು ದಿನಗಳ ಮೇಲಿನ ಸಂಗತಿ. ಅವರ ಹೆಂಡತಿ ಅಸರ್ ನಮಾಜಿಗೆ ಒಳಗೆ ಹೋಗಿದ್ದರು. ಪರದೆಯ ಮೇಲೆ ಹೊಳೆ ದಾಟುವ ಕಬ್ಬಿಣದ ಸೇತುವೆ, ಪಿಟೀಲು, ಕಟ್ಟಿಸಿಕೊಂಡ ಹಲ್ಲು, ಇಸ್ಪೀಟು ಆಡುವವರು. ಚೌಕ ಆರು. ನಾನು ಬೈರಾಸಿನ ಮರೆಯಲ್ಲಿ ಅಕ್ಷರ ಒತ್ತುತ್ತಿದ್ದೆ, ಜಾಹೀರಾತು ಬಂದು ಎಲ್ಲ ಅಳಿಸಿಹೋಗಿ ಮತ್ತೆ ಮೊದಲಿಂದ ಒತ್ತುತ್ತಿದ್ದೆ, ತಲೆ ಕೆಟ್ಟಿತ್ತು. ಸಾಹುಕಾರ್ರು ನನ್ನ ತೋಳು ಮುಟ್ಟಿದರು. ಬೆರಳನ್ನು ಸೇತುವೆಯ ಚಿತ್ರದ ಮೇಲಿಟ್ಟು, "ಸಂಕ" ಎಂದರು.

ತುಳುವಿನಲ್ಲಿ, ನಮ್ಮ ಕನ್ನಡದಲ್ಲಿ, ಇಲ್ಲಿಯ ಎಲ್ಲರ ಬಾಯಲ್ಲಿ ಸೇತುವೆಗೆ ಇರುವ ಮಾತು ಅದು. ತಿಂಗಳುಗಟ್ಟಲೆ ಒಂದು ಮಾತು ಹುಡುಕಿ ತೆಗೆಯಲಾಗದ ಮನುಷ್ಯ ಅದನ್ನು ಪೂರ್ತಿಯಾಗಿ ಹೇಳಿದ್ದರು. ನಾನು ತಲೆ ಎತ್ತಲಿಲ್ಲ.

"ಸಂಕ ಅಲ್ಲ, ಸಂಕ ಹಾಕಿದ್ರೆ ಆಗುದಿಲ್ಲ. ಇದಕ್ಕೆ ಆರು ಅಕ್ಷರ ಬೇಕು," ಎಂದೆ. ಅಷ್ಟರಲ್ಲಿ ಪಟ್ಟಿ ಬಂತು. ಬ್ರಿಡ್ಜ್. ಒತ್ತಿದೆ, ನಾಣ್ಯ ಬಿತ್ತು. "ನೋಡಿ, ಇದು," ಎಂದು ತೋರಿಸಿದಾಗ ಅವರು ಕಿಟಕಿಯ ಕಡೆ ತಿರುಗಿ ಆಗಿತ್ತು.

ಮರುದಿನದಿಂದ ನಾನು ಹೋದರೆ ಟ್ಯಾಬನ್ನು ಕವುಚಿ ಹಾಕುತ್ತಿದ್ದರು. ನಾನು ಎತ್ತಿ ನನ್ನಷ್ಟಕ್ಕೆ ಆಡುತ್ತಿದ್ದೆ. ಸಂಖ್ಯೆ ಏರುತ್ತಿತ್ತು.

ನಿಕಾಹ್ ಸುಳ್ಯದ ಒಂದು ಮದುವೆ ಹಾಲ್‌ನಲ್ಲಿ ಆಯಿತು. ಸಾಹುಕಾರ್ರನ್ನು ಬಿಳಿ ಅಂಗಿ ತೊಡಿಸಿ ಮದುಮಗನ ಎದುರು ಕೂರಿಸಿದ್ದರು. ನಾನು ಗಂಡಸರ ಸಾಲಿನಲ್ಲಿ ಹತ್ತಿರವೇ ಕೂತಿದ್ದೆ. ಅವರು ಎಡಗೈಯಿಂದ ಬಲಗೈಯನ್ನು ಎತ್ತಿ ಹುಡುಗನ ಕೈಯಲ್ಲಿಟ್ಟರು. ಮೊದಲ ಪ್ರಾರ್ಥನೆಯ ಸಾಲು ಅವರ ಬಾಯಿಂದ ಸ್ವಚ್ಛವಾಗಿ ಬಂತು. ಸುತ್ತ ಕೂತವರ ಮುಖ ಬೆಳಗಿತು. ಮುಂದಿನ ಮಾತು ಬಾಯಿಪಾಠದ್ದಲ್ಲ. ಉಸ್ತಾದರು ತುಂಡು ತುಂಡು ಮಾಡಿ ಹೇಳಿಕೊಟ್ಟರು. ಸಾಹುಕಾರ್ರು ಬಾಯಿ ತೆರೆದರು. ಉಸ್ತಾದರು ಇನ್ನೊಮ್ಮೆ ಹೇಳಿದರು, ಮೆಲ್ಲಗೆ, ಮಗಳ ಹೆಸರೊಂದನ್ನೇ ಹೇಳಿದರು. ಅವರ ತುಟಿ ಅದರ ಆಕಾರಕ್ಕೆ ಬಂತು, ಬೆವರು ಕೆನ್ನೆಯ ಮೇಲೆ ಇಳಿಯಿತು, ಸ್ವರ ಬರಲಿಲ್ಲ.

ಎಷ್ಟು ಹೊತ್ತು ಕಾದರೋ. ಕೊನೆಗೆ ಉಸ್ತಾದರು ಬಾಗಿ, ತಮ್ಮನಿಗೆ ಒಪ್ಪಿಗೆ ಕೊಡುತ್ತೀರಾ ಎಂದು ಕೇಳಿದರು. ಅವರು ತಲೆಯಾಡಿಸಿದರು. ಆದರೆ ಎಡಗೈಯಿಂದ ಒತ್ತಿ ಹಿಡಿದಿದ್ದ ಹುಡುಗನ ಕೈ ಬಿಡಲಿಲ್ಲ. ಬೆರಳುಗಳನ್ನು ಒಂದೊಂದಾಗಿ ಬಿಡಿಸಿ ತಮ್ಮನ ಕೈ ಇಡಬೇಕಾಯಿತು.

ಊಟದ ಹೊತ್ತಿಗೆ ನಮ್ಮ ಬಸ್ಸಿನ ಹಳೆಯ ಡ್ರೈವರ್ ಪಕ್ಕದಲ್ಲಿ ಕೂತು, "ಎಂತ ಕಂಡಕ್ಟ್ರೆ, ನಿಮ್ಮ ಆಟದಲ್ಲಿ ಇನ್ನೂರು ಲೆವೆಲ್ ದಾಟಿದ ಜನಕ್ಕೆ ಮನೆ ಮಗಳ ಹೆಸರು ಬರ್ಲಿಲ್ಲ ಅಲ್ಲ?" ಎಂದ. ಅವನಿಗೆ ಏನೂ ಗೊತ್ತಿರಲಿಲ್ಲ, ಸುಮ್ಮನೆ ಹೇಳಿದ್ದು. ಆಗ "ಸಂಕ" ನೆನಪಾಯಿತು. ಅದುವರೆಗೆ ಅದು ನನಗೆ ಒಂದು ತಪ್ಪು ಉತ್ತರವಾಗಿಯೇ ಉಳಿದಿತ್ತು. ಎಲೆ ಬಿಟ್ಟು ಎದ್ದು ಕೈ ತೊಳೆದೆ.

ಮರುವರ್ಷದ ಮಳೆಗಾಲದಲ್ಲಿ ಸಾಹುಕಾರ್ರು ಎರಡನೆಯ ಸ್ಟ್ರೋಕ್ ಆಗಿ ತೀರಿಕೊಂಡರು. ಅಲ್ಲಿಯವರೆಗೂ ನಾನು ಹೋಗಿ ಕೂರುತ್ತಿದ್ದೆ. ಮೊಬೈಲು ಮನೆಯಲ್ಲೇ ಬಿಟ್ಟು ಹೋಗುತ್ತಿದ್ದೆ. ಒಮ್ಮೆ ಕಿಟಕಿಯ ಹೊರಗಿನ ಕಾಗೆ ತೋರಿಸಿದೆ, ಲೋಟ ತೋರಿಸಿದೆ, ನನ್ನನ್ನೇ ತೋರಿಸಿದೆ. ಅವರು ನಕ್ಕರು, ಪ್ರಯತ್ನ ಮಾಡಲಿಲ್ಲ. ಅಭ್ಯಾಸ ಬಿಡದೆ ಮಾಡಿದ್ದರೆ ಆ ದಿನ ಹೆಸರು ಬರುತ್ತಿತ್ತೇ? ನನಗೆ ತಿಳಿಯದು. ಬರುತ್ತಿರಲಿಲ್ಲ ಎಂದು ಹೇಳುವ ಹಕ್ಕು ಮಾತ್ರ ನನಗಿಲ್ಲ.

ಅವರ ಹೆಂಡತಿ ಈಗ ಕಿರಿಮಗಳು, ಅಳಿಯ, ಮೊಮ್ಮಗುವಿನ ಜೊತೆ ಅದೇ ಮನೆಯಲ್ಲಿದ್ದಾರೆ. ಹಬ್ಬಕ್ಕೆ ತಪ್ಪದೆ ತಟ್ಟೆ ಮುಚ್ಚಿ ತಿಂಡಿ ಕಳಿಸುತ್ತಾರೆ. ಪ್ರತಿ ಸಲವೂ, ಅಣ್ಣ ಅವರಿಗಾಗಿ ಎಷ್ಟು ಕಷ್ಟಪಟ್ಟರು ಎಂದು ಯಾರಿಗಾದರೂ ಹೇಳುತ್ತಾರೆ. ಅದನ್ನು ಕೇಳಿಕೊಂಡು ಆ ತಿಂಡಿ ತಿನ್ನುತ್ತಾ ಬಂದವನು ನಾನು. ಇನ್ನು ಆಗುವುದಿಲ್ಲ ಅನ್ನಿಸಿ ನಿನ್ನೆ ಸಂಜೆ ಹೋದೆ. ಅವರು ಜಗಲಿಯಲ್ಲಿ ಕೂತು ಹಲಸಿನ ಬೀಜ ಸುಲಿಯುತ್ತಿದ್ದರು. ಎಲ್ಲ ಹೇಳಿದೆ. ಮೊಬೈಲಿನ ಸಾಧನ, ಬೈರಾಸು, ಸುಳ್ಳು, ಪುತ್ತೂರು, ಸಂಕ. ಬೈಯಲಿ ಎಂದು ತಲೆ ತಗ್ಗಿಸಿ ಕೂತೆ.

ಅವರು ಬೈಯಲಿಲ್ಲ. ಸುಲಿಯುತ್ತಿದ್ದ ಕೈ ನಿಂತಿತು.

"ಅವರು ಮಾತಾಡಿದ್ರಾ?" ಎಂದರು. "ನನಗೆ ಕೊನೆಯವರೆಗೆ ಒಂದು ಮಾತು ಕೇಳ್ಲಿಕ್ಕೆ ಸಿಗ್ಲಿಲ್ಲ ಅಣ್ಣ. ಹೇಗೆ ಹೇಳಿದ್ರು? ಸ್ವರ ಮೊದಲಿನ ಹಾಗೇ ಇತ್ತಾ?"

ನಾನು ನೆನಪು ಮಾಡಿಕೊಳ್ಳಲು ನೋಡಿದೆ. ಸೇತುವೆಯ ಚಿತ್ರ ನೆನಪಿದೆ, ಅದರ ಬಣ್ಣ ನೆನಪಿದೆ, ಅಡ್ಡ ಬಂದ ಜಾಹೀರಾತು ಕೂಡ ನೆನಪಿದೆ. ಅವರ ಸ್ವರ ದಪ್ಪ ಇತ್ತೋ, ತೊದಲಿತ್ತೋ, ಅಂಗಡಿಯಿಂದ ಕೂಗುತ್ತಿದ್ದ ಹಾಗೆಯೇ ಇತ್ತೋ… ನಾನು ಕಿವಿ ಕೊಟ್ಟಿರಲಿಲ್ಲ.

"ಒಮ್ಮೆ ಅವರು ಹೇಳಿದ ಹಾಗೆ ಹೇಳಿ ನೋಡುವ," ಎಂದರು ಅವರು.

ಬಾಯಿ ತೆರೆದೆ. ಏನೂ ಬರಲಿಲ್ಲ. ಅವರು ಬೀಜದ ಬುಟ್ಟಿಯನ್ನು ಬದಿಗಿಟ್ಟು, ನನ್ನ ತುಟಿಗಳನ್ನೇ ನೋಡುತ್ತಾ ಕಾಯುತ್ತಿದ್ದರು.