‘ಮುಂಚೆ’ ಅಂದರು ಅಪ್ಪ

ಸೇತುವೆಯ ಮೇಲೆ ನಿಂತಿರುವ ಆ ಮುದುಕ ನನ್ನನ್ನು ಎಷ್ಟು ಸಲ ಕೊಂದಿದ್ದಾನೆಂದು ಎಣಿಸಿಲ್ಲ. ಎಣಿಸಿದ್ದರೆ ಕಂಟ್ರೋಲರನ್ನು ಎಂದೋ ಬಾಲ್ಕನಿಯಿಂದ ಕೆಳಗೆ ಎಸೆದಿರುತ್ತಿದ್ದೆ. ಮುದುಕ ಎಂದರೆ ನಿಜದ ಮುದುಕನಲ್ಲ, ವಿಡಿಯೋ ಗೇಮಿನವನು. ಬಿಳಿ ಗಡ್ಡ, ತುಕ್ಕು ಹಿಡಿದ ಕವಚ, ಆಳೆತ್ತರದ ಕತ್ತಿ. ಅವನು ಸೋಲದೆ ಆಟ ಮುಂದಕ್ಕೆ ಹೋಗುವುದಿಲ್ಲ. ಅವನನ್ನು ಸೋಲಿಸಲು ಇರುವುದು ಒಂದೇ ದಾರಿ. ಅವನ ಕತ್ತಿ ಮೈಗೆ ತಾಗುವ ಆ ಕ್ಷಣದಲ್ಲೇ ಎಡಗೈಯ ತೋರುಬೆರಳಿನಿಂದ ಗುಂಡಿ ಒತ್ತಿ, ಏಟನ್ನು ಅವನ ಮೇಲೇ ತಿರುಗಿಸಬೇಕು. ಆಡುವವರು ಇದಕ್ಕೆ ಪ್ಯಾರಿ ಎನ್ನುತ್ತಾರೆ. ಕಣ್ಣು ಮಿಟುಕಿಸುವಷ್ಟು ಮುಂಚೆ ಒತ್ತಿದರೂ ಸತ್ತೆ, ತಡವಾದರೂ ಸತ್ತೆ.

ಅದೂ ಹೋಗಲಿ ಎಂದರೆ, ಈ ಮುದುಕ ಮಹಾ ಕಿತಾಪತಿ. ಕತ್ತಿ ಎತ್ತುತ್ತಾನೆ, ಎತ್ತಿದವನು ಹೊಡೆಯುವುದಿಲ್ಲ. ಹಾಗೇ ಹಿಡಿದುಕೊಂಡು ನಿಲ್ಲುತ್ತಾನೆ. ನಾನು ಗಾಬರಿಯಾಗಿ ಗುಂಡಿ ಒತ್ತಿದ ಮೇಲೆ ಆರಾಮಾಗಿ ಇಳಿಸುತ್ತಾನೆ.

ಈ ಗೇಮ್ ಡಬ್ಬವನ್ನು ನನಗೆ ಅಂಟಿಸಿದವಳು ವೈಟ್‌ಫೀಲ್ಡ್‌ನ ನಮ್ಮ ಆಫೀಸಿನ ಪಕ್ಕದ ಸೀಟಿನವಳು. ನಾನು ದಿನಾ ಬೆಳಿಗ್ಗೆ ಸಿಡಿಮಿಡಿ ಎನ್ನುತ್ತಾ ಬರುವುದನ್ನು ನೋಡಿ ಸಾಕಾಗಿ, ತಾನು ಹೊಸದು ತಗೊಂಡಾಗ ಹಳೆಯದನ್ನು ನನಗೆ ಕೊಟ್ಟಳು.

“ಮನೇಲಿ ಇದನ್ನ ಆಡು ಗುರು, ಸಿಟ್ಟೆಲ್ಲ ಇಳಿದೋಗತ್ತೆ,” ಎಂದಿದ್ದಳು.

ಇಳಿಯುವುದಿರಲಿ, ಇದ್ದ ಸಿಟ್ಟಿಗೆ ಇನ್ನೊಂದು ಸೇರಿಕೊಂಡಿತು. ಪ್ಯಾರಿ ಬರುತ್ತಿಲ್ಲ ಎಂದು ಅವಳನ್ನು ಕೇಳಿದರೆ, “ಏನಿಲ್ವೇ, ಕತ್ತಿ ನೋಡ್ತಿರು, ಹತ್ರ ಬಂದಾಗ ಒತ್ತು ಅಷ್ಟೆ,” ಎಂದಳು. ಅಷ್ಟೆ ಅಂತೆ! ಈಜು ಬಾರದವನಿಗೆ ‘ಮುಳುಗಬೇಡ ಅಷ್ಟೆ’ ಎಂದಂತಾಯಿತು. ವಿಡಿಯೋಗಳನ್ನು ನೋಡಿದೆ. ಒಬ್ಬ ಕತ್ತಿ ನೋಡು ಎನ್ನುತ್ತಾನೆ, ಇನ್ನೊಬ್ಬ ಸದ್ದು ಕೇಳಿಸಿಕೋ ಎನ್ನುತ್ತಾನೆ, ಮತ್ತೊಬ್ಬ ಟಿವಿಯ ಸೆಟ್ಟಿಂಗ್ ಬದಲಿಸು ಎನ್ನುತ್ತಾನೆ. ಎಲ್ಲ ಮಾಡಿದೆ. ಸಾಯುವುದು ಮಾತ್ರ ತಪ್ಪಲಿಲ್ಲ.

ನನ್ನ ಮೊದಲಿನ ಸಿಟ್ಟು ಅಪ್ಪನ ಮೇಲಿನದು. ಮಹದೇವಪುರದ ಈ ಮನೆಯಲ್ಲಿ ಇರುವುದು ನಾವಿಬ್ಬರೇ. ಅಪ್ಪ ಸರ್ಕಾರಿ ಕಾರ್ಖಾನೆಯೊಂದರ ಹ್ಯಾಮರ್ ಶಾಪಿನಲ್ಲಿ ಕೆಲಸ ಮಾಡಿ ನಿವೃತ್ತರಾದವರು. ಕೆಂಪಗೆ ಕಾದ ಕಬ್ಬಿಣದ ಮೇಲೆ ಮನೆಯೆತ್ತರದ ಯಂತ್ರದ ಸುತ್ತಿಗೆ ಬೀಳುವ ಜಾಗ ಅದು. ಕಿವಿಗೆ ಹತ್ತಿ ಸಿಕ್ಕಿಸಿಕೊಂಡು ಜೀವಮಾನವೆಲ್ಲ ದುಡಿದರು, ಕಿವಿ ಅಲ್ಲೇ ಹೋಯಿತು. ಹೋಗಿದೆ ಎಂದು ಒಪ್ಪಿಕೊಂಡರೆ ತಾನೇ! ಕುಕ್ಕರ್ ಎಷ್ಟು ಕೂಗಿದರೂ ಕೇಳಿಸುವುದಿಲ್ಲ. ಗ್ಯಾಸಿನವನು ಬೆಲ್ ಒತ್ತಿ ಒತ್ತಿ ಸಿಲಿಂಡರ್ ವಾಪಸ್ ತಗೊಂಡು ಹೋಗುತ್ತಾನೆ. ಟಿವಿ ವಾರ್ತೆ ಮಾತ್ರ ಮೇಲಿನ ಮನೆಯವರಿಗೂ ಉಚಿತ.

ಅಮ್ಮ ಇದ್ದಾಗ ಇದೆಲ್ಲ ಗೊತ್ತೇ ಆಗಿರಲಿಲ್ಲ. ಅವಳು ಎದುರಿಗೆ ಕೂತು ಮೆಲ್ಲಗೆ ಏನೋ ಹೇಳುವಳು, ಅಪ್ಪ ಅವಳ ಮುಖ ನೋಡುತ್ತಾ ತಲೆಯಾಡಿಸುವರು. ಅವಳು ಹೋಗಿ ನಾಲ್ಕು ವರ್ಷವಾಯಿತು. ಅಂದಿನಿಂದ ನಾನು ಗಂಟಲು ಹರಿದುಕೊಳ್ಳುತ್ತಿದ್ದೇನೆ. ಅವಳು ಹೇಳಿದ್ದೆಲ್ಲ ಕೇಳಿಸುತ್ತಿತ್ತು, ನಾನು ಹೇಳಿದ್ದು ಮಾತ್ರ ಕೇಳಿಸುವುದಿಲ್ಲ ಎಂದರೆ ಹೊಟ್ಟೆ ಉರಿಯದೆ ಇರುತ್ತದೆಯೇ? ಇನ್ನೂ ಮೈ ಉರಿಯುತ್ತಿದ್ದದ್ದು ಬೇರೊಂದಕ್ಕೆ. ನಾನು ಮಾತಾಡಲು ಬಾಯಿ ತೆರೆಯುವಷ್ಟರಲ್ಲಿ ಅಪ್ಪ ಎದ್ದು ಚಪ್ಪಲಿ ಮೆಟ್ಟಿಕೊಂಡು ಟೆರೇಸಿಗೆ ಹೋಗಿಬಿಡುತ್ತಿದ್ದರು. ಒಂದು ಪದವೂ ಹೊರಬಿದ್ದಿರುವುದಿಲ್ಲ, ಆಗಲೇ ಎದ್ದಾಯಿತು!

ಈ ಮಳೆಗಾಲದಲ್ಲಿ ಒಂದು ಬೆಳಿಗ್ಗೆ ಅಪ್ಪ ಹಾಲು ತರಲು ಹೋಗಿದ್ದಾಗ ನೀರಿನ ಟ್ಯಾಂಕರ್ ಹಿಂದಕ್ಕೆ ಬಂತು. ಡ್ರೈವರ್ ಹಾರ್ನ್ ಹೊಡೆದ, ಕ್ಲೀನರ್ ಕೂಗಿದ, ಬಾಲ್ಕನಿಯಿಂದ ನಾನು ಚೀರಿದೆ. ಅಪ್ಪ ಹಾಲಿನ ಪ್ಯಾಕೆಟ್ ಹಿಡಿದುಕೊಂಡು ನಡುರಸ್ತೆಯಲ್ಲಿ ನಿಧಾನವಾಗಿ ಬರುತ್ತಿದ್ದರು. ಯಾರೋ ಹೆಂಗಸು ತೋಳು ಹಿಡಿದು ಪಕ್ಕಕ್ಕೆ ಎಳೆದಳು. ಆಮೇಲೆ ನನಗೆ ಬೇಕಾಗಿದ್ದದ್ದು ಒಂದೇ. ಅಪ್ಪ ಒಂದು ಸಲ ಕಿವಿ ಡಾಕ್ಟರ ಹತ್ತಿರ ಬರಬೇಕು, ಕಿವಿಗೆ ಮೆಷಿನ್ ಹಾಕಿಸಿಕೊಳ್ಳಬೇಕು. ಮೂರು ಸಲ ಅಪಾಯಿಂಟ್‌ಮೆಂಟ್ ತಗೊಂಡೆ. ಮೂರು ಸಲವೂ ಅಪ್ಪ ಟೆರೇಸಿನಲ್ಲಿದ್ದರು.

ಅವತ್ತು ಶನಿವಾರ. ಬೆಳಗಿನ ಕಾಫಿ ಮುಗಿಸಿ ನಾನು ಮುದುಕನ ಮುಂದೆ ಕೂತೆ. ವಾರ್ತೆಗೆ ಕಾಯುತ್ತಾ ಅಪ್ಪ ಪಕ್ಕದ ಕುರ್ಚಿಯಲ್ಲಿ ಪೇಪರ್ ಹಿಡಿದಿದ್ದರು. ಮುದುಕ ಕತ್ತಿ ಎತ್ತಿದ. ಒತ್ತಿದೆ. ಸತ್ತೆ.

“ಮುಂಚೆ,” ಅಂದರು ಅಪ್ಪ.

ಇನ್ನೊಂದು ಸಲ. “ಮುಂಚೆ.” ಮತ್ತೊಂದು ಸಲ. “ಇದೂ ಮುಂಚೆ.”

ಕ್ರಿಕೆಟ್ ನೋಡುತ್ತಾ ಕೂತಲ್ಲಿಂದಲೇ ಔಟ್ ಕೊಡುವವರ ಹಾಗೆ! ನನಗೆ ತಲೆ ಕೆಟ್ಟುಹೋಯಿತು. “ನಿಮಗೇನಪ್ಪಾ ಗೊತ್ತು ಇದೆಲ್ಲ? ಸುಮ್ನೆ ಪೇಪರ್ ಓದಿ!” ಎಂದು ಕಿರುಚಿದೆ. ಕೇಳಿಸಲಿಲ್ಲವೋ ಏನೋ, ಪೇಪರಿನ ಹಾಳೆ ಮಗುಚಿದರು.

ಮತ್ತೆ ಶುರುಮಾಡಿದೆ. ಮುದುಕ ಕತ್ತಿ ಎತ್ತಿ ಎಂದಿನಂತೆ ಹಿಡಿದುಕೊಂಡು ನಿಂತ. “ಮುಂಚೆ,” ಎಂದು ಅಪ್ಪ ಆಗಲೇ ಅಂದಾಗಿತ್ತು. ಕತ್ತಿ ಇನ್ನೂ ಮೇಲೇ ಇತ್ತು. ಅದು ಕೆಳಗಿಳಿದು ನಾನು ಸತ್ತದ್ದು ಆಮೇಲೆ. ನಾನು ಆಟ ನಿಲ್ಲಿಸಿ ಅಪ್ಪನ ಕಡೆ ತಿರುಗಿದೆ. ಅವರು ಟಿವಿಯನ್ನು ನೋಡುತ್ತಲೇ ಇರಲಿಲ್ಲ. ಕನ್ನಡಕದ ಮೇಲಿಂದ ನನ್ನನ್ನು ನೋಡುತ್ತಿದ್ದರು. ಟಿವಿ ತೋರಿಸಿ, ಅವರನ್ನು ತೋರಿಸಿ, ‘ಹೇಗೆ ಗೊತ್ತಾಯ್ತು?’ ಎಂದು ಕೈ ತಿರುವಿದೆ.

“ಅವನನ್ನ ಯಾರು ನೋಡ್ತಾರೆ? ನಿನ್ನ ನೋಡ್ತಿದೀನಿ ಕಣೇ,” ಎಂದರು. “ಅವನು ಕತ್ತಿ ಎತ್ತಿದ ತಕ್ಷಣ ನಿನ್ನ ಎಡಗಡೆ ಭುಜ ಕಿವಿ ಹತ್ರ ಬಂದ್ಬಿಡತ್ತೆ. ಅಲ್ಲಿಗೆ ನೀನು ಒತ್ತಿದೆ ಅಂತ್ಲೇ ಲೆಕ್ಕ.”

ನಾನು ಎಡಭುಜ ಮುಟ್ಟಿ ನೋಡಿಕೊಂಡೆ. ಹಗ್ಗ ಬಿಗಿದಂತಿತ್ತು.

“ಹ್ಯಾಮರ್ ಶಾಪಲ್ಲಿ ಏನ್ ಕೇಳಿಸ್ತಿತ್ತು ಅನ್ಕೊಂಡೆ? ಏನೂ ಇಲ್ಲ. ಒಬ್ಬ ಇಕ್ಕಳದಲ್ಲಿ ಕಬ್ಬಿಣ ಹಿಡ್ಕೊಂಡಿರ್ತಿದ್ದ, ಸುತ್ತಿಗೆ ಬಿಡೋನು ನಾನು. ಅವನ ಭುಜ ಇಳಿದಿದ್ರೆ ರೆಡಿ ಅಂತ ಅರ್ಥ. ಭುಜ ಬಿಗಿಯಾಗಿದ್ರೆ ಹೆದರ್ಕೊಂಡಿದಾನೆ, ಕೈ ಎಳ್ಕೋತಾನೆ ಅಂತ ಬಿಡ್ತಿರ್ಲಿಲ್ಲ. ಭುಜ ಇಳಿಸು. ಆ ಕತ್ತಿಯೋನು ಹೊಡೀಲಿ ಬಿಡು ಮೊದ್ಲು.”

ಇಷ್ಟು ಉದ್ದದ ಮಾತು ಅವರ ಬಾಯಿಂದ ಬಂದು ಎಷ್ಟು ದಿನವಾಗಿತ್ತೋ. ಆದರೂ ನನಗೆ ರೇಗುತ್ತಲೇ ಇತ್ತು. ವಿಡಿಯೋ ಮಾಡಿದ ಅಷ್ಟು ಜನಕ್ಕೆ ಹೊಳೆಯದ್ದು ಇವರಿಗೆ ಹೊಳೆಯಬೇಕೇ? ನೋಡೇಬಿಡೋಣ ಎಂದು ಉಸಿರು ಬಿಟ್ಟು ಭುಜ ಇಳಿಸಿ ಕೂತೆ. ಮುದುಕ ಕತ್ತಿ ಎತ್ತಿದ. ಭುಜ ತಾನಾಗಿ ಮೇಲೇಳಲು ಹೊರಟಿತು, ಬಿಡಲಿಲ್ಲ. ಅವನು ಹಿಡಿದೇ ನಿಂತ, ನಾನೂ ಕಾದೆ. ಕತ್ತಿ ಇಳಿಯಿತು, ಒತ್ತಿದೆ. ಠಣ್ ಎಂದು ಸದ್ದಾಗಿ ಮುದುಕ ತತ್ತರಿಸಿ ಮಂಡಿಯೂರಿದ.

ಆ ಸದ್ದು ಅಪ್ಪನಿಗೆ ಕೇಳಿಸಿರಲಾರದು. “ಹಾಂ, ಇದು ಸರಿ,” ಎಂದರು. ನಾನು ಸೋಫಾದ ಮೇಲೆ ಕುಣಿಯುವುದೊಂದು ಬಾಕಿ. ಅಷ್ಟರಲ್ಲಿ ಅಪ್ಪ ಪೇಪರ್ ಮಡಚುತ್ತಾ, ಹಾಲು ತರಬೇಕು ಎನ್ನುವಷ್ಟು ಸಲೀಸಾಗಿ ಅಂದರು:

“ನನ್ನ ಹತ್ರ ಮಾತಾಡೋಕೆ ಬರುವಾಗ್ಲೂ ನಿನ್ನ ಭುಜ ಹಂಗೇ ಏಳತ್ತೆ.”

ನಾನಾ? ನಾನು ಮಾತಾಡಲು ಬಂದಾಗ ಎದ್ದು ಹೋಗುವವರು ಯಾರು? ನಾಲ್ಕು ವರ್ಷ ಗೋಡೆಯ ಜೊತೆ ಮಾತಾಡಿದವಳು ಯಾರು? ಎಲ್ಲವನ್ನೂ ಒಟ್ಟಿಗೆ ಕೇಳಿಬಿಡಬೇಕು ಎಂದು ಬಾಯಿ ತೆರೆದೆ. ಅಪ್ಪ ಎದ್ದರು. ಬಾಗಿಲ ಬಳಿ ಹೋಗಿ ಒಂದು ಕಾಲನ್ನು ಚಪ್ಪಲಿಗೆ ತೂರಿಸಿದರು.

ನನ್ನ ಭುಜ ಕಿವಿಯ ಹತ್ತಿರವಿತ್ತು.

ನಾಚಿಕೆಯಿಂದ ಕುಗ್ಗಿಹೋದೆ. ಅಪ್ಪ ಎದ್ದು ಹೋಗುತ್ತಿದ್ದದ್ದು ಮಾತು ಕೇಳಿಸದ್ದಕ್ಕಲ್ಲ. ಏಟು ಬರುವುದನ್ನು ಕಂಡು ಎದ್ದು ಹೋಗುತ್ತಿದ್ದರು. ಕಂಟ್ರೋಲರ್ ಕೆಳಗಿಟ್ಟು ಬಾಗಿಲಿಗೆ ಹೋಗಿ ಅವರ ಎದುರು ನಿಂತೆ. ಭುಜ ಇಳಿಸಿದೆ. ಕಾದೆ. ಅವರು ನನ್ನ ಮುಖ ನೋಡುವವರೆಗೂ ಕಾದೆ. ಆಮೇಲೆ ಅಮ್ಮನಷ್ಟೇ ಮೆಲ್ಲಗೆ ಕೇಳಿದೆ:

“ಅಪ್ಪಾ, ಕಿವಿ ಡಾಕ್ಟರ್ ಹತ್ರ ಹೋಗೋಣ್ವಾ?”

ಒಂದಕ್ಷರವೂ ಕೇಳಿಸಿರಲಿಕ್ಕಿಲ್ಲ. ಅಪ್ಪ ನನ್ನ ತುಟಿಯನ್ನೇ ನೋಡುತ್ತಾ ನಿಂತರು. ಚಪ್ಪಲಿಯಿಂದ ಕಾಲು ಹೊರಗೆ ತೆಗೆದರು. ನಾಲ್ಕು ವರ್ಷದಲ್ಲಿ ಒಮ್ಮೆಯೂ ನನ್ನನ್ನು ಕೇಳದಿದ್ದದ್ದನ್ನು ಕೇಳಿದರು.

“ಏನಂದೆ? ಇನ್ನೊಂದ್ಸಲ ಹೇಳು.”