ಲೆಕ್ಕದಮ್ಮನ ಹೆಸರಿನ ಕಿರುಗ್ರಹ

ತೋಫು ಅಂಗಡಿಯ ಒನೊದೆರಾ ಹದಿನೇಳು ಕಿರುಗ್ರಹ ಕಂಡುಹಿಡಿದಿದ್ದಾನೆ ಎಂದು ನಮ್ಮ ಇಚಿನೊಸೆಕಿಯಲ್ಲಿ ಜನ ಹೇಳುತ್ತಾರೆ. ಆ ಒನೊದೆರಾ ನಾನೇ. ಮಾತು ಅರ್ಧ ನಿಜ. ಆಕಾಶದ ಫಿಲ್ಮು ತೆಗೆದವನು ನಾನು. ನಕ್ಷತ್ರಗಳ ನಡುವೆ ಒಂದು ಚುಕ್ಕೆ ಕೂದಲೆಳೆಯಷ್ಟು ಸರಿದದ್ದನ್ನು ಕಂಡವನೂ ನಾನು. ಆದರೆ ಆ ಚುಕ್ಕೆ ಹೊಸದೋ ಹಳೆಯದೋ, ಯಾವ ದಾರಿಯಲ್ಲಿ ತಿರುಗುತ್ತದೆ, ಮುಂದಿನ ಸಲ ಎಲ್ಲಿ ಸಿಗುತ್ತದೆ ಎಂದು ಹೇಳುತ್ತಿದ್ದವರು ದೂರದ ಕಿರ್ಯೂ ಊರಿನ ಕಾದೊವಾಕಿ ಎಂಬ ಹೆಂಗಸು. ಅವರಿಲ್ಲದಿದ್ದರೆ ನನ್ನ ಹದಿನೇಳೂ ಫಿಲ್ಮಿನ ಮೇಲಿನ ಕೊಳೆ, ಅಷ್ಟೆ. ಅವರ ವಿಷಯ ಬರೆಯಲು ನನಗೆ ನಾಚಿಕೆಯಾಗುತ್ತದೆ. ಬರೆಯದಿದ್ದರೆ ಇನ್ನೂ ನಾಚಿಕೆ.

ಕಾದೊವಾಕಿಯವರ ತಂದೆ ರೇಷ್ಮೆಯ ನಡುಪಟ್ಟಿ ನೇಯುತ್ತಿದ್ದರು. ಇಪ್ಪತ್ತನಾಲ್ಕಕ್ಕೆ ಮದುವೆಯಾಯಿತು, ಎರಡನೆಯ ವರ್ಷವೇ ಗಂಡ ಎದೆಯ ಕಾಯಿಲೆಯಲ್ಲಿ ಹೋದರು. ಗಂಡನ ಮನೆತನದ ಹೆಸರನ್ನು ಉಳಿಸಿಕೊಂಡು ಅವರು ಅಕ್ಕನ ಮನೆಗೆ ವಾಪಸು ಬಂದರು. ನೇಕಾರರ ಸಂಘದ ಕಚೇರಿಯಲ್ಲಿ ಮೂವತ್ತು ವರ್ಷ ಹಿಡಿ ತಿರುಗಿಸುವ ಲೆಕ್ಕದ ಯಂತ್ರದ ಮುಂದೆ ಕೂತು, ಯಾವ ಪಟ್ಟಿಗೆ ಎಷ್ಟು ಎಳೆ ಎಂದು ಗುಣಿಸಿದರು. ಒಂದು ದಿನ ಊಟದ ಬಿಡುವಿನಲ್ಲಿ ಯಾರೋ ಬಿಟ್ಟುಹೋದ ಖಗೋಳದ ಮಾಸಪತ್ರಿಕೆ ಕಣ್ಣಿಗೆ ಬಿತ್ತು. ಮೂರು ದಿನದ ಸ್ಥಾನ ಗೊತ್ತಿದ್ದರೆ ಕಿರುಗ್ರಹದ ಕಕ್ಷೆಯನ್ನು ಲೆಕ್ಕ ಹಾಕುವುದು ಹೇಗೆ ಎಂಬ ಪಾಠ ಅದರಲ್ಲಿತ್ತು. ಅವರು ಗುಣಿಸಿ ನೋಡಿದರು, ಉತ್ತರ ಬೇರೆ ಬಂತು. ಮತ್ತೆ ಗುಣಿಸಿದರು. ಅಚ್ಚಿನಲ್ಲೇ ತಪ್ಪಿದೆ ಎಂದು ಪತ್ರಿಕೆಗೆ ಬರೆದರು. ಆ ಪತ್ರ ಮುಂದಿನ ಸಂಚಿಕೆಯಲ್ಲಿ ವಿಳಾಸದ ಸಮೇತ ಬಂತು. ಲೆಕ್ಕವೆಂದರೆ ಬೆವರುವ ನಾನು ಆ ವಿಳಾಸಕ್ಕೆ ಬರೆದೆ, ನನ್ನ ಚುಕ್ಕೆಗಳ ಲೆಕ್ಕ ನೋಡಿಕೊಡುತ್ತೀರಾ ಎಂದು ಕೇಳಿದೆ. ಕಾರ್ಡಿನಲ್ಲಿ ಒಂದೇ ಪದದ ಉತ್ತರ ಬಂತು: ಕಳಿಸಿ.

ಹನ್ನೆರಡು ವರ್ಷ ಕಳಿಸಿದೆ. ಹೊಸ ಚುಕ್ಕೆ ಕಂಡರೆ ಮೊದಲು ಸಿಗುವುದು ತಾತ್ಕಾಲಿಕ ಗುರುತು, ಕಂಡ ವರ್ಷ ಮತ್ತು ಎರಡು ಅಕ್ಷರ. ಒಂದು ಋತುವಿನಲ್ಲಿ ಕಂಡರೆ ಸಾಲದು. ಕಿರುಗ್ರಹವೆಂಬ ಆ ಕಲ್ಲು ಸೂರ್ಯನ ಆಚೆಗೆ ಹೋಗಿ ಮರೆಯಾಗುತ್ತದೆ, ನೂರರಲ್ಲಿ ತೊಂಬತ್ತು ಹಾಗೆಯೇ ಕಳೆದುಹೋಗುತ್ತವೆ. ಅದು ಇಂಥ ತಿಂಗಳು ಇಂಥ ಜಾಗಕ್ಕೆ ಮರಳುತ್ತದೆ ಎಂದು ಕಾದೊವಾಕಿಯವರು ಮೊದಲೇ ಹೇಳುತ್ತಿದ್ದರು. ಹಳೆಯ ಪಟ್ಟಿಗಳನ್ನು ಜಾಲಾಡಿ, ನಲವತ್ತು ವರ್ಷದ ಹಿಂದೆ ಬೇರೆ ದೇಶದಲ್ಲಿ ಯಾರೋ ಒಂದೇ ದಿನ ಕಂಡು ಬಿಟ್ಟ ಚುಕ್ಕೆಯೂ ಇದೇ ಎಂದು ಹಿಡಿದುಕೊಡುತ್ತಿದ್ದರು. ನಾಲ್ಕು ಸಲ ಬಂದುಹೋದದ್ದು ಒಂದೇ ಕಲ್ಲು ಎಂದು ಖಾತ್ರಿಯಾದ ಮೇಲೆ ಅದಕ್ಕೆ ಶಾಶ್ವತ ಸಂಖ್ಯೆ. ಸಂಖ್ಯೆ ಬಿದ್ದ ಮೇಲೆ ಹೆಸರು ಸೂಚಿಸುವ ಹಕ್ಕು, ಹತ್ತು ವರ್ಷದವರೆಗೆ, ಕಂಡವನದು. ಲೆಕ್ಕ ಹಾಕಿದವರದಲ್ಲ.

ನಾವು ಭೇಟಿಯಾಗಿರಲಿಲ್ಲ. ತಿಂಗಳಿಗೆರಡು ಸಲ ಫೋನು. ಅವರು "ಕಿರ್ಯೂವಿನ ಕಾದೊವಾಕಿ" ಎನ್ನುತ್ತಿದ್ದರು, ನಾನು "ಇಚಿನೊಸೆಕಿಯ ಒನೊದೆರಾ" ಎನ್ನುತ್ತಿದ್ದೆ. ಹೊರಗಿನವರನ್ನು ಮನೆತನದ ಹೆಸರಿನಿಂದ ಕರೆಯುವುದೇ ನಮ್ಮಲ್ಲಿ ಮರ್ಯಾದೆ. ಅಪ್ಪ ಅಮ್ಮ ಇಟ್ಟ ಹೆಸರು ಮನೆಯೊಳಗಿನವರ ಬಾಯಿಗೆ ಮಾತ್ರ. ಹಾಗಾಗಿ ಅವರ ಸ್ವಂತ ಹೆಸರಿನ ಎರಡು ಅಕ್ಷರಗಳನ್ನು ಲಕೋಟೆಯ ಹಿಂದೆ ಮುನ್ನೂರು ಸಲ ನೋಡಿದ್ದೆ, ಕಿವಿಯಲ್ಲಿ ಒಂದು ಸಲವೂ ಕೇಳಿರಲಿಲ್ಲ.

ನನ್ನ ಮೊದಲ ಕಿರುಗ್ರಹಕ್ಕೆ ಊರಿನ ಹೆಸರಿಟ್ಟೆ. ಎರಡನೆಯದಕ್ಕೆ ನದಿಯದು, ಮೂರನೆಯದಕ್ಕೆ ಶಾಲೆಯ ಮೇಷ್ಟ್ರದು, ಆಮೇಲೆ ಹೆಂಡತಿ ತೊಮೆಯದು. ನಗರಸಭೆಯ ಅಧ್ಯಕ್ಷರು ತೋಫು ಕೊಳ್ಳುವ ನೆಪದಲ್ಲಿ ಬಂದು ತಮಗೂ ಒಂದು ಬೇಕೆಂದರು. ರಾಜಕಾರಣಿಗಳ ಹೆಸರಿಡಬೇಕಾದರೆ ಅವರು ಸತ್ತು ನೂರು ವರ್ಷ ಆಗಿರಬೇಕು ಎಂದೆ. "ಹಾಗಾದ್ರೆ ಅರ್ಜೆಂಟಿಲ್ಲ ಬಿಡಿ" ಎಂದು ಹೋದರು. ನಾನು ಹೀಗೆ ದಾನಶೂರನಾಗಿ ಮೆರೆಯುತ್ತಿರುವಾಗ ತೊಮೆ ಸೋಯಾ ಕಾಳು ತೊಳೆಯುತ್ತ ಕೇಳಿದಳು.

"ಮಳೆ ಬಂದ್ರೆ ನೀವೇ ಬೈಕೊಳ್ಳೋ ನದಿಗೊಂದು ಕೊಟ್ರಿ. ಆ ಲೆಕ್ಕದಮ್ಮನಿಗೆ ಒಂದು ಕಲ್ಲೂ ಇಲ್ವಾ?"

ನನಗೆ ಮುಖಕ್ಕೆ ಹೊಡೆದ ಹಾಗಾಯಿತು. ಆಗಲೇ ಒಂಬತ್ತು ಹೆಸರು ಮುಗಿದಿದ್ದವು.

ಹತ್ತನೆಯದು ಅವರಿಗೆ ಎಂದು ನಿರ್ಧರಿಸಿದೆ. ಮನೆತನದ ಹೆಸರು ಸತ್ತ ಗಂಡನದು, ಗೌರವ ಪೂರ್ತಿ ಅವರದೇ ಆಗಲಿ ಎಂದು ಸ್ವಂತ ಹೆಸರನ್ನೇ ಆರಿಸಿದೆ. ತಿಳಿಸದೆ ಇಟ್ಟು ಅಚ್ಚರಿಗೊಳಿಸಬೇಕು ಎಂಬ ಹುಮ್ಮಸ್ಸು ಬೇರೆ. ಹೆಸರನ್ನು ರೋಮನ್ ಲಿಪಿಯಲ್ಲಿ ಬರೆದು, ಕಿರುಗ್ರಹಗಳ ಹೆಸರು ಒಪ್ಪುವ ಹೊರದೇಶದ ಸಮಿತಿಗೆ ಕಳಿಸಬೇಕು. ನಮ್ಮ ಚಿತ್ರಾಕ್ಷರಗಳ ಕಷ್ಟ ಇಲ್ಲೇ ಇರುವುದು: ಒಂದೇ ಅಕ್ಷರವನ್ನು ಎರಡು ಮೂರು ಬಗೆಯಲ್ಲಿ ಓದಬಹುದು, ಸರಿಯಾದದ್ದು ಯಾವುದೆಂದು ಆ ಹೆಸರಿನವರೇ ಹೇಳಬೇಕು. ಅವರ ಮೊದಲ ಅಕ್ಷರಕ್ಕೆ ಬರಹ ಎಂದು ಅರ್ಥ, ಸಾಮಾನ್ಯವಾಗಿ ಫುಮಿ ಎಂದು ಓದುತ್ತಾರೆ; ಎರಡನೆಯದು ನೊ. ನಾನು ಒಂದು ಗಳಿಗೆಯೂ ಯೋಚಿಸದೆ ಫುಮಿನೊ ಎಂದು ಬರೆದೆ.

ಹುಣ್ಣಿಮೆಗೊಮ್ಮೆ ಬರುವ, ಹೊಸ ಹೆಸರುಗಳ ಸುತ್ತೋಲೆಯಲ್ಲಿ ಹೆಸರು ಅಚ್ಚಾಯಿತು. ಕಿರ್ಯೂವಿನ ವಾಚನಾಲಯದವರು ಒಂದು ಚಿಕ್ಕ ಸನ್ಮಾನ ಇಟ್ಟುಕೊಂಡು ನನ್ನನ್ನೂ ಕರೆದರು. ಬೆಳಿಗ್ಗೆಯೇ ಅವರ ಮನೆಗೆ ಹೋದೆ. ಬಾಗಿಲು ತೆಗೆದ ಅಕ್ಕ ಒಳಗೆ ತಿರುಗಿ ಕೂಗಿದರು.

"ಅಯಾನೊ, ತೋಫುವಿನವ್ರು ಬಂದ್ರು ಕಣೇ."

ಮನೆಯಲ್ಲಿ ಇನ್ನೊಬ್ಬರು ಇದ್ದಾರೆ ಅಂದುಕೊಂಡೆ. ಹೊರಗೆ ಬಂದವರು ಒಬ್ಬರೇ, ಬೆಳ್ಳಗಿನ ಕೂದಲಿನ, ತೆಳ್ಳಗಿನ ಹೆಂಗಸು. "ಕಾದೊವಾಕಿ" ಎಂದು ಬಗ್ಗಿ ನಮಸ್ಕರಿಸಿದರು. ದನಿ ಫೋನಿನದೇ.

ಅಕ್ಕ ಮಾತಿನ ಮಲ್ಲಿ. ಅಗಲ ಎಳೆಯ ಉದೊನ್ ಶಾವಿಗೆ ಬಡಿಸುತ್ತ ಹೆಸರಿನ ಕತೆಯನ್ನೂ ಹೇಳಿದರು. ನೇಕಾರರ ಬಾಯಲ್ಲಿ ಬರಹದ ಆ ಅಕ್ಷರ ಅಯಾ, ಬಟ್ಟೆಯೊಳಗೆ ಮೂಡುವ ಚಿತ್ತಾರ. ತಂಗಿ ಹುಟ್ಟಿದ ದಿನ ಮಗ್ಗದಿಂದ ಇಳಿದ ನಡುಪಟ್ಟಿಯನ್ನು ಅಪ್ಪ ಮಾರಲೇ ಇಲ್ಲವಂತೆ. ರೋಮನ್ ಲಿಪಿ ಬಾರದ ಅಕ್ಕನಿಗೆ ಸುತ್ತೋಲೆಯಲ್ಲಿ ಏನಿದೆ ಎಂದು ಗೊತ್ತಿರಲಿಲ್ಲ. ತಂಗಿಗೆ ಗೊತ್ತಿತ್ತು, ಅವರ ಮೇಜಿನ ಮೇಲೆಯೇ ಅದರ ಪ್ರತಿ ಇತ್ತು. ಅವರು ಚಹಾ ಬಗ್ಗಿಸಿದರು. ಆಗಲೇ ನಾನು ಹೇಳಬೇಕಿತ್ತು. ಉಪ್ಪಿನಕಾಯಿ ತುಂಬಾ ಚೆನ್ನಾಗಿದೆ ಎಂದು ಹೇಳಿ, ಇನ್ನೊಂದು ಬಟ್ಟಲು ಉದೊನ್ ತಿಂದೆ.

ಸಭೆಯಲ್ಲಿ ವಾಚನಾಲಯದವರು ಸುತ್ತೋಲೆಯನ್ನು ನೋಡಿಕೊಂಡೇ ಓದಿದರು: ಕಾದೊವಾಕಿ ಫುಮಿನೊ. ಮುಂದಿನ ಸಾಲಿನಲ್ಲಿದ್ದ ಅಕ್ಕ, ಯಾರದು ಫುಮಿನೊ ಎಂದು ಎಲ್ಲರಿಗೂ ಕೇಳುವಂತೆ ಕೇಳಿದರು. ಕಾದೊವಾಕಿಯವರು ಅಕ್ಕನ ಮೊಣಕಾಲನ್ನು ಮೆಲ್ಲಗೆ ಒತ್ತಿ, ಎದ್ದು ಮೈಕಿನ ಹತ್ತಿರ ಹೋದರು.

"ಫುಮಿನೊ ಅನ್ನೋಳು ನಾನೇ. ಒನೊದೆರಾ ಅವರಿಂದ ದೊಡ್ಡ ಉಪಕಾರ ಆಯ್ತು."

ಎಲ್ಲರೂ ಚಪ್ಪಾಳೆ ತಟ್ಟಿದರು. ನಾನೂ ತಟ್ಟಿದೆ.

ಅಚ್ಚಾದ ಹೆಸರನ್ನು ಬದಲಿಸುವುದು ಸುಲಭವಲ್ಲ ಎಂದು ವಾಪಸಿನ ರೈಲಿನಲ್ಲಿ ದಾರಿಯುದ್ದಕ್ಕೂ ನನಗೆ ನಾನೇ ಹೇಳಿಕೊಂಡೆ. ನಿಜವಾದ ಕಾರಣ ಬೇರೆ. ತಿದ್ದಿಸಬೇಕಾದರೆ, ಹನ್ನೆರಡು ವರ್ಷ ದುಡಿಸಿಕೊಂಡವರ ಹೆಸರೇ ನನಗೆ ಗೊತ್ತಿರಲಿಲ್ಲ ಎಂದು ದೊಡ್ಡವರ ಸಮಿತಿಗೆ ಬರೆಯಬೇಕು. ಐದು ತಿಂಗಳು ಬರೆಯಲಿಲ್ಲ. ಅವರ ಲೆಕ್ಕ ಮಾತ್ರ ಒಂದು ದಿನವೂ ತಡವಾಗದೆ ಬರುತ್ತಿತ್ತು. ಪ್ರತಿ ಲಕೋಟೆಯನ್ನೂ ಹೆಸರಿರುವ ಬೆನ್ನು ಕೆಳಗಾಗಿ ಇಡುತ್ತಿದ್ದೆ. ಕೊನೆಗೆ ತೊಮೆಗೆ ಎಲ್ಲ ಹೇಳಿದೆ. ಬೈಯುತ್ತಾಳೆ ಎಂದು ಕಾದೆ. ಅವಳು ಬೈಯದೆ ಫೋನನ್ನು ನನ್ನ ಮುಂದೆ ತಂದಿಟ್ಟಳು.

"ಕಿರ್ಯೂವಿನ ಕಾದೊವಾಕಿ" ಎಂದರು ಅವರು.

"ಅಯಾನೊ ಅವರೇ, ನನ್ನಿಂದ ತಪ್ಪಾಯ್ತು. ಅವತ್ತು ನಿಮ್ಮ ಮನೇಲೇ ಗೊತ್ತಾಗಿತ್ತು. ಗೊತ್ತಿದ್ದೂ ಬಾಯಿ ಮುಚ್ಕೊಂಡು ಕೂತೆ."

"ಅದು ನಂಗೂ ಗೊತ್ತಾಯ್ತು. ಎರಡನೇ ಬಟ್ಟಲು ಉದೊನ್ ಇಳೀತಾ ಇರ್ಲಿಲ್ಲ ನಿಮ್ಗೆ."

ತಿದ್ದಲು ಇವತ್ತೇ ಸಮಿತಿಗೆ ಬರೆಯುತ್ತೇನೆ ಎಂದೆ. ಬೇಡ ಎನ್ನುತ್ತಾರೆ ಎಂದು ಒಳಗೊಳಗೇ ಆಸೆಯಿತ್ತು, ಅದನ್ನೂ ಮುಚ್ಚಿಡುವುದಿಲ್ಲ.

"ಬರೀರಿ. ಬೇಡ ಅನ್ನೋಷ್ಟು ದೊಡ್ಡ ಮನಸ್ಸು ನಂದಲ್ಲ. ನಮ್ಮಪ್ಪ ಇಟ್ಟ ಹೆಸರದು."

ನನ್ನ ದಡ್ಡತನಕ್ಕೆ ಏನು ಹೇಳಲಿ, ಸುತ್ತೋಲೆ ಬಂದ ದಿನವೇ ನೀವು ಒಂದು ಮಾತು ಹೇಳಬಾರದಿತ್ತಾ ಎಂದು ಕೇಳಿಬಿಟ್ಟೆ. ಲೆಕ್ಕ ಒಪ್ಪಿಸುವ ಅದೇ ದನಿಯಲ್ಲಿ ಅವರು ಹೇಳಿದರು.

"ನಿಮ್ಮ ಮೊದಲನೇ ಚುಕ್ಕೆಯ ವರದಿ ಕಳಿಸಿದ್ದು ನಾನು. ಕಂಡವರ ಹೆಸರನ್ನ ರೋಮನ್ ಲಿಪೀಲಿ ಬರೆಯೋ ಒಂದು ಜಾಗ ಇತ್ತು ಅದ್ರಲ್ಲಿ. ನಿಮ್ಮ ಅಕ್ಷರಗಳನ್ನ ಯಾರೇ ಆದ್ರೂ ತೇಜಿ ಅಂತಾನೇ ಓದೋದು. ನಂಗ್ಯಾಕೋ ಅನುಮಾನ ಬಂತು, ಅಂಗಡಿಗೆ ಫೋನ್ ಮಾಡಿ ನಿಮ್ಮ ಹೆಂಡ್ತಿ ಹತ್ರ ಕೇಳ್ದೆ. ಅರ್ಧ ನಿಮಿಷ ಹಿಡೀತು, ಸದಾಜಿ ಅವರೇ."

ಹನ್ನೆರಡು ವರ್ಷದಲ್ಲಿ ಅವರು ನನ್ನನ್ನು ಹೆಸರು ಹಿಡಿದು ಕರೆದದ್ದು ಅದೊಂದೇ ಸಲ.